ದುಡಿಮೆಯನ್ನು ಹೇಳುವ ಮಾತುಗಳು

ಕನ್ನಡದ ಪತ್ರಿಕೆಗಳನ್ನೂ ಸಭೆಗಳ ಭಾಷಣಗಳನ್ನೂ ಗಮನಿಸುವವರಿಗೆ ಒಂದು ಸಂಗತಿ ಕಾಣದಿರದು. ಯಾರಾದರೂ ಮೈಬಗ್ಗಿಸಿ ಕೆಲಸಮಾಡಿದರೆಂದು ಹೇಳಬೇಕಾದಾಗ ಬರೆಯುವವರ ಲೇಖನಿಯು ಎರಡೇ ಮಾತುಗಳ ಕಡೆಗೆ ಓಡುತ್ತದೆ. ಒಂದು ‘ಪರಿಶ್ರಮ’, ಇನ್ನೊಂದು ‘ಕಾಯಕ’. ಪರೀಕ್ಷೆಯಲ್ಲಿ ಮೊದಲ ದರ್ಜೆ ಪಡೆದ ಹುಡುಗನದು ಪರಿಶ್ರಮ. ಮೂವತ್ತು ವರ್ಷ ಒಂದೇ ಕಚೇರಿಯಲ್ಲಿದ್ದು ನಿವೃತ್ತನಾದ ಗುಮಾಸ್ತನದು ಕಾಯಕ. ಬೆಳಗಿನಿಂದ ಬೈಗಿನವರೆಗೆ ಹೊಲದಲ್ಲಿ ಬೆವರಿಳಿಸಿದವನ ಕೆಲಸಕ್ಕೂ ಇವೆರಡರಲ್ಲೊಂದೇ ಗತಿ. ಇದರಿಂದ ಬರೆಹಕ್ಕೊಂದು ಘನತೆ ಬಂತೆಂದು ತಿಳಿಯುವವರು ಹಲವರು. ಆದರೆ ಆ ಘನತೆಯ ಹಿಂದೆ ಮರೆಯಾದ ಮಾತುಗಳು ಯಾವುವು, ಅವುಗಳ ಜೊತೆಗೆ ಮರೆಯಾದ ಮನುಷ್ಯರು ಯಾರು ಎಂಬುದನ್ನು ವಿಚಾರಿಸಿದವರು ಕಡಮೆ.

‘ಶ್ರಮ’ವು ಸಂಸ್ಕೃತದಲ್ಲಿ ಬಹು ಹಳೆಯ ಮಾತು. ಬಳಲುವುದು, ಬಳಲುವಷ್ಟು ಯತ್ನಿಸುವುದು, ಇವೆರಡೂ ಆ ಧಾತುವಿನ ಅರ್ಥಗಳೇ. ಬಳಲಿಕೆಯನ್ನು ಕಳೆದುಕೊಳ್ಳುವುದು ವಿಶ್ರಾಂತಿ. ತಪಸ್ಸಿನಿಂದ ದೇಹವನ್ನು ದಂಡಿಸಿದವನು ಶ್ರಮಣ. ಅಂಥವರು ಇರುವ ಎಡೆ ಆಶ್ರಮ. ಶ್ರಮಣನು ಕನ್ನಡಕ್ಕೆ ‘ಸವಣ’ನಾಗಿ ಬಂದು ನೆಲಸಿದನು, ಶ್ರವಣಬೆಳಗೊಳದ ಹೆಸರಿನ ಮೊದಲ ಭಾಗಕ್ಕೂ ಅವನೇ ಮೂಲವೆಂದು ಬಲ್ಲವರು ಹೇಳುವರು. ಹೀಗೆ ಈ ಧಾತುವಿನ ಸಂತಾನದಲ್ಲಿ ಹೆಚ್ಚಿನವರು ಬೆಟ್ಟದ ಮೇಲೆಯೂ ವನದೊಳಗೂ ಇರುವವರು; ಗದ್ದೆಯ ಕೆಸರಿನಲ್ಲಿ ಇರುವವರಲ್ಲ. ಶ್ರಮದಲ್ಲಿ ಬೆವರುಂಟು, ಬೆಳೆಯಿಲ್ಲ. ‘ಕಷ್ಟಪಟ್ಟು’ ಎಂಬ ಮಾತಿನಲ್ಲಿಯೂ ನೋವೇ ಮುಂದಾಗಿ, ಕೆಲಸವು ಅದರ ಹಿಂದೆ ನಿಲ್ಲುತ್ತದೆ. ಇದು ಕನ್ನಡಕ್ಕೆ ಮಾತ್ರ ಸಂದ ಗುಣವಲ್ಲ. ಹಿಂದೂಸ್ಥಾನಿಯಲ್ಲಿ ದುಡಿಮೆಗೆ ಹೇಳುವ ‘ಮೆಹನತ್’ ಎಂಬ ಮಾತು ಅರಬ್ಬಿಯಲ್ಲಿ ಮೊದಲು ಸಂಕಟ, ಶೋಧನೆ ಎಂಬ ಅರ್ಥವುಳ್ಳದ್ದು. ಮೈಸೂರು ಸೀಮೆಯ ಹಿರಿಯರು ಕ್ಷೌರಕ್ಕೂ ‘ಕಷ್ಟ’ವೆನ್ನುತ್ತಿದ್ದರಷ್ಟೆ. ಆ ಕಷ್ಟವು ಮಾಡುವವನದೋ ಮಾಡಿಸಿಕೊಳ್ಳುವವನದೋ ಎಂಬುದನ್ನು ಅಂದಿನ ಕತ್ತಿಗಳ ಹರಿತವನ್ನು ಬಲ್ಲವರೇ ತೀರ್ಮಾನಿಸಬೇಕು.

ಅಚ್ಚಗನ್ನಡದ ಮಾತುಗಳಲ್ಲಿ ಮೊದಲು ನೋಡತಕ್ಕದ್ದು ‘ಗೆಯ್’. ಇದು ಮೂಲದಲ್ಲಿ ದುಡಿಮೆಯ ಮಾತೇ ಅಲ್ಲ. ‘ಮಾಡು’ ಎಂಬಷ್ಟೇ ಇದರ ಅರ್ಥ. ತಮಿಳಿನ ‘ಚೆಯ್’, ತೆಲುಗಿನ ‘ಚೇಯು’ ಇದರ ಒಡಹುಟ್ಟುಗಳು. ಕನ್ನಡದ ಕಿವಿಯು ತಮಿಳಿನಲ್ಲಿ ‘ಚೆವಿ’ಯಾದಂತೆ ಇಲ್ಲಿಯೂ ಅಕ್ಷರದ ವ್ಯತ್ಯಾಸವೇ ಹೊರತು ಮಾತಿನ ವ್ಯತ್ಯಾಸವಿಲ್ಲ. ಹಳಗನ್ನಡದಲ್ಲಿ ಈ ಮಾತಿಗಿದ್ದ ಪದವಿ ದೊಡ್ಡದು. ಅರಸನು ರಾಜ್ಯಂಗೆಯ್ಯುವನು, ಗುರುವು ಬಿಜಯಂಗೆಯ್ಯುವನು, ಶಿಷ್ಯನು ನಮಸ್ಕಾರಂಗೆಯ್ಯುವನು. ಸಂಸ್ಕೃತದ ಯಾವ ನಾಮಪದವನ್ನಾದರೂ ಕನ್ನಡದ ಕ್ರಿಯಾಪದವಾಗಿ ನಡೆಸಬೇಕಾದರೆ ಗೆಯ್ ಎಂಬುದೇ ಅದಕ್ಕೆ ಕಾಲು. ಕಾಲಕ್ರಮದಲ್ಲಿ ‘ಮಾಡು’ ಎಂಬುದು ಬಂದು ಈ ಎಡೆಯನ್ನೆಲ್ಲ ಆಕ್ರಮಿಸಿತು. ಎಡೆ ತಪ್ಪಿದ ಗೆಯ್ ಎರಡು ಕವಲಾಗಿ ಹೋಯಿತು, ಮತ್ತು ಆ ಎರಡು ಕವಲುಗಳೂ ಇಂದು ಒಂದರ ಮುಖವನ್ನೊಂದು ಕಾಣವು.

ಒಂದು ಕವಲು ಮೇಲಕ್ಕೆ ಹೋಯಿತು. ಮದುವೆಯ ಕರೆಯೋಲೆಗಳಲ್ಲಿ, ಸನ್ಮಾನಪತ್ರಗಳಲ್ಲಿ, ಸಭೆಯ ವರದಿಗಳಲ್ಲಿ ಅದು ‘ಗೈ’ ಎಂಬ ಬರವಣಿಗೆಯಲ್ಲಿ ಉಳಿದುಕೊಂಡಿದೆ. ಗಣ್ಯರು ಆಗಮನಗೈಯುವರು, ಉದ್ಘಾಟನೆಗೈಯುವರು. ಪತ್ರಿಕೆಯ ಇನ್ನೊಂದು ಪುಟದಲ್ಲಿ ಯಾವನೋ ಕೊಲೆಗೈದಿರುವನು. ಗೆಯ್ ಎಂಬುದನ್ನು ‘ಗೈ’ ಎಂದು ಬರೆಯುವುದರಿಂದ ಇದೇನೋ ಕೈಗೆ ಸಂಬಂಧಪಟ್ಟ ಮಾತೆಂಬ ಭ್ರಾಂತಿಯೂ ಕೆಲವರಲ್ಲಿ ಹುಟ್ಟಿದೆ. ಇನ್ನೊಂದು ಕವಲು ನೇರವಾಗಿ ಹೊಲಕ್ಕಿಳಿಯಿತು. ಮಂಡ್ಯ, ಮೈಸೂರು, ಹಾಸನಗಳ ಹಳ್ಳಿಗಳಲ್ಲಿ ‘ಗೇಯುವುದು’ ಎಂದರೆ ಸುಮ್ಮನೆ ಮಾಡುವುದಲ್ಲ; ನೇಗಿಲು ಹಿಡಿದು, ಗುದ್ದಲಿ ಹಿಡಿದು, ಮೈಮುರಿದು ಮಾಡುವುದು. ಗೇಯುವ ಎತ್ತು, ಗೇಯುವ ಆಳು, ಗೇಯ್ಮೆಯ ಕಾಲ ಎಂಬ ಮಾತುಗಳಲ್ಲಿ ಮಣ್ಣಿನ ವಾಸನೆ ಬಿಡದೆ ಅಂಟಿಕೊಂಡಿದೆ. ಒಂದೇ ಮಾತು ಕರೆಯೋಲೆಯಲ್ಲಿ ಚಿನ್ನದ ಅಕ್ಷರದಲ್ಲಿಯೂ ಹೊಲದಲ್ಲಿ ಎತ್ತಿನ ಬೆನ್ನ ಹಿಂದೆಯೂ ಇರುವುದು ಭಾಷೆಯ ವಿನೋದ. ಆದರೆ ಓದಿದವರ ಮನೆಗಳಲ್ಲಿ ಮೊದಲನೆಯದು ಸಾಹಿತ್ಯದ ಮಾತು, ಎರಡನೆಯದು ಹಳ್ಳಿಗರ ಮಾತು ಎಂಬ ಎಣಿಕೆಯಿರುವುದು ವಿನೋದವಲ್ಲ. ಹಳತನದಲ್ಲಿ ಎರಡೂ ಸಮಾನ. ಜೀವಂತಿಕೆಯಲ್ಲಿ ಎರಡನೆಯದೇ ಮೇಲು.

ಇಲ್ಲಿ ಮತ್ತೊಂದು ಸೋಜಿಗವುಂಟು. ‘ಬೇಸಾಯ’ವು ಸಂಸ್ಕೃತದ ‘ವ್ಯವಸಾಯ’ದ ತದ್ಭವ. ಸಂಸ್ಕೃತದಲ್ಲಿ ವ್ಯವಸಾಯವೆಂದರೆ ನಿಶ್ಚಯ, ದೃಢವಾದ ಪ್ರಯತ್ನ. ಗೀತೆಯಲ್ಲಿ ಬುದ್ಧಿಯ ಸ್ಥೈರ್ಯವನ್ನು ಹೇಳುವಲ್ಲಿ ಬರುವುದು ಈ ಮಾತೇ. ಕನ್ನಡಿಗನು ಅದನ್ನು ಕೈಗೆತ್ತಿಕೊಂಡು ನೇಗಿಲಿಗೆ ಕಟ್ಟಿದನು. ‘ಆರಂಭ’ವೆಂದರೆ ತೊಡಗುವುದು, ಮೊದಲುಮಾಡುವುದು. ಹಳ್ಳಿಯ ಕನ್ನಡದಲ್ಲಿ ಅದೂ ಒಕ್ಕಲುತನವೇ. ‘ಆರಂಭಗಾರ’ನೆಂದರೆ ಬೇಸಾಯಗಾರನೇ ಹೊರತು ಉದ್ಘಾಟಕನಲ್ಲ. ಮಾಡುವುದು, ತೊಡಗುವುದು, ನಿಶ್ಚಯಿಸುವುದು ಎಂಬ ಮೂರು ಬೇರೆ ಬೇರೆ ಮಾತುಗಳು, ಒಂದು ದೇಶ್ಯ, ಎರಡು ಸಂಸ್ಕೃತದಿಂದ ಬಂದವು, ಮೂರೂ ಕನ್ನಡದಲ್ಲಿ ಒಂದೇ ಹೊಲಕ್ಕೆ ಬಂದು ಸೇರಿದುವು. ಮನುಷ್ಯನ ಕ್ರಿಯೆಯೆಂದರೆ ನೆಲವನ್ನು ಉಳುವುದೇ ಎಂದು ತಿಳಿದ ಜನರ ಬಾಯಲ್ಲಲ್ಲದೆ ಹೀಗಾಗುವುದು ಸಾಧ್ಯವಿಲ್ಲ. (ಹಳೆಯ ಶಾಸನಗಳಲ್ಲಿ ಹೊಲಕ್ಕೆ ‘ಕೆಯ್’ ಎಂಬ ಹೆಸರುಂಟು. ಇದನ್ನೂ ‘ಗೆಯ್’ ಎಂಬುದನ್ನೂ ಒಂದೇ ಎಂದು ಹೇಳಿಬಿಡುವ ಆಸೆಯಾಗುವುದು ಸಹಜ. ಆದರೆ ನಿಘಂಟುಕಾರರು ಅವನ್ನು ಬೇರೆ ಬೇರೆಯಾಗಿಯೇ ನಮೂದಿಸಿದ್ದಾರೆ, ಅಲ್ಲಿಗೆ ನಿಲ್ಲುವುದೇ ಲೇಸು.)

ಇನ್ನು ‘ದುಡಿ’. ಇದರಲ್ಲಿ ಮೈಯ ದಣಿವಿನ ಜೊತೆಗೆ ಫಲದ ಎಣಿಕೆಯೂ ಸೇರಿಕೊಂಡಿದೆ. ಮಗನೇನು ದುಡಿಯುತ್ತಾನೆಂದು ಬೀಗರು ಕೇಳಿದರೆ ಅವನು ಮಾಡುವ ಕೆಲಸವನ್ನಲ್ಲ, ತರುವ ಸಂಬಳವನ್ನು ಹೇಳಬೇಕು. ದುಡಿದರೆ ದುಡ್ಡು ಎಂಬ ಪ್ರಾಸವು ಎಲ್ಲರ ಬಾಯಲ್ಲಿರುವುದೂ ಈ ಕಾರಣದಿಂದಲೇ. ಗೇಯುವವನ ಕಣ್ಣು ಕೆಲಸದ ಮೇಲೆ, ದುಡಿಯುವವನ ಕಣ್ಣು ಗಳಿಕೆಯ ಮೇಲೆ ಎಂದರೆ ಸ್ವಲ್ಪ ಅತಿಯಾದೀತು. ಆದರೆ ಪಟ್ಟಣಗಳು ಬೆಳೆದಂತೆಲ್ಲ ದುಡಿ ಎಂಬ ಮಾತು ಆ ದಿಕ್ಕಿಗೇ ವಾಲುತ್ತ ಬಂದಿರುವುದು ನಿಜ. ‘ಉದ್ಯೋಗ’ವೂ ಹೀಗೆಯೇ ವಾಲಿದ ಮಾತು. ಭಾರತದ ಉದ್ಯೋಗಪರ್ವದಲ್ಲಿ ಯಾರೂ ಸಂಬಳಕ್ಕೆ ಸೇರುವುದಿಲ್ಲ. ಅಲ್ಲಿ ಉದ್ಯೋಗವೆಂದರೆ ಯತ್ನ, ಯುದ್ಧದ ಸಿದ್ಧತೆ. ಇಂದು ತಂದೆಯ ಹೊಲದಲ್ಲಿ ಹಗಲೆಲ್ಲ ಗೇಯುವ ಪದವೀಧರನು ಅರ್ಜಿಯಲ್ಲಿ ತಾನು ‘ನಿರುದ್ಯೋಗಿ’ಯೆಂದು ಬರೆಯುತ್ತಾನೆ. ಯತ್ನವಿಲ್ಲದವನೆಂದು ತನ್ನನ್ನು ತಾನೇ ಬೈದುಕೊಳ್ಳುತ್ತಿರುವುದು ಅವನಿಗೆ ತಿಳಿಯದು.

ಈ ವಾಲುವಿಕೆಯಿಂದ ಹೆಚ್ಚಿನ ನಷ್ಟವಾದುದು ಹೆಂಗಸರಿಗೆ. ‘ದುಡಿಯುವ ಮಹಿಳೆ’ ಎಂಬ ನುಡಿಗಟ್ಟು ಈಗ ಎಲ್ಲೆಡೆಯೂ ರೂಢಿಯಲ್ಲಿದೆ. ಅದರ ಅರ್ಥ ಹೊರಗೆ ಹೋಗಿ ಸಂಬಳ ತರುವವಳು ಎಂದು. ಹಾಗಾದರೆ ಉಳಿದವಳು ದುಡಿಯದವಳು! ನಸುಕಿನಲ್ಲೆದ್ದು ಕಸಮುಸುರೆ ಮುಗಿಸಿ, ನೀರು ತುಂಬಿ, ಅಡಿಗೆಮಾಡಿ, ಮಕ್ಕಳನ್ನು ಶಾಲೆಗೆ ಕಳುಹಿಸಿ, ಹಾಸಿಗೆ ಹಿಡಿದ ಅತ್ತೆಯ ಆರೈಕೆ ನೋಡುವವಳನ್ನು ಕುರಿತು ಓದಿದ ಮನೆಗಳಲ್ಲಿಯೇ ‘ಅವಳು ಮನೆಯಲ್ಲಿ ಸುಮ್ಮನೆ ಇದ್ದಾಳೆ’ ಎಂದು ಹೇಳುವುದುಂಟು. ೨೦೧೯ರಲ್ಲಿ ಕೇಂದ್ರ ಸರಕಾರವು ನಡೆಸಿದ ಕಾಲವಿನಿಯೋಗದ ಸಮೀಕ್ಷೆಯಲ್ಲಿ, ಸಂಬಳವಿಲ್ಲದ ಮನೆಗೆಲಸದಲ್ಲಿ ತೊಡಗಿದ ಹೆಂಗಸರು ದಿನಕ್ಕೆ ಸರಾಸರಿ ೨೯೯ ನಿಮಿಷಗಳನ್ನೂ ಗಂಡಸರು ೯೭ ನಿಮಿಷಗಳನ್ನೂ ಅದಕ್ಕಾಗಿ ವ್ಯಯಿಸುವರೆಂದು ಕಂಡುಬಂದಿತು. ಐದು ಗಂಟೆಗೆ ಒಂದೇ ನಿಮಿಷ ಕಡಮೆಯಾದ ಈ ‘ಸುಮ್ಮನಿರುವಿಕೆ’ಗೆ ಪಟ್ಟಣದ ಕನ್ನಡದಲ್ಲಿ ಸರಿಯಾದ ಕ್ರಿಯಾಪದವಿಲ್ಲ. ಹಳ್ಳಿಯಲ್ಲುಂಟು. ‘ಈ ಮನೆಗೆ ಗೇದೂ ಗೇದೂ ಸಾಕಾಯಿತು’ ಎಂದು ಅಲ್ಲಿಯ ಹೆಂಗಸು ಜಗಲಿಯ ಮೇಲೆ ಕುಳಿತು ಗಟ್ಟಿಯಾಗಿಯೇ ಹೇಳುವಳು. ಎತ್ತಿಗೆ ಹೇಳುವ ಮಾತನ್ನೇ ತನಗೂ ಹೇಳಿಕೊಳ್ಳುವುದರಲ್ಲಿ ಕಹಿಯಿದೆ, ನಿಜ. ಆದರೆ ಅವಳು ಮಾಡಿದ್ದು ಕೆಲಸವೆಂಬುದನ್ನು ಆ ಮಾತು ಒಪ್ಪಿಕೊಳ್ಳುತ್ತದೆ. ‘ಗೃಹಿಣಿ’ ಎಂಬ ಅಂದವಾದ ಮಾತಿನಲ್ಲಿ ಆ ಒಪ್ಪಿಗೆಯೂ ಇಲ್ಲ.

‘ದುಡಿ’ ಎಂದಾಗ ಶಿವರಾಮ ಕಾರಂತರ ‘ಚೋಮನ ದುಡಿ’ಯು ನೆನಪಿಗೆ ಬರದಿರದು. ೧೯೩೩ರಲ್ಲಿ ಪ್ರಕಟವಾದ ಈ ಕಾದಂಬರಿಯ ಹೆಸರಿನಲ್ಲಿರುವ ದುಡಿಯು ಒಂದು ಚರ್ಮವಾದ್ಯ. ಕರಾವಳಿಯವರಿಗೂ ಕೊಡಗಿನವರಿಗೂ ಇದನ್ನು ಬಿಡಿಸಿ ಹೇಳಬೇಕಾಗಿಲ್ಲ. ಘಟ್ಟದ ಮೇಲಿನ ಬಯಲುಸೀಮೆಯ ವಾಚಕನು ಮಾತ್ರ ಮೊದಲ ನೋಟಕ್ಕೆ ಚೋಮನ ದುಡಿಮೆಯೆಂದೇ ಓದುವನು. ಇದು ತಪ್ಪು ಓದೆಂಬುದರಲ್ಲಿ ಸಂಶಯವಿಲ್ಲ. ಆದರೂ ಪುಸ್ತಕವನ್ನು ಮುಗಿಸಿದ ಮೇಲೆ ಆ ತಪ್ಪನ್ನು ಸುಲಭವಾಗಿ ತಳ್ಳಿಹಾಕಲಾಗದು. ಚೋಮನು ಒಡೆಯನ ಮನೆಗೆ ದುಡಿಯುವವನು. ಅವನ ಮಕ್ಕಳು ಸಾಲ ತೀರಿಸಲು ಕಾಫಿಯ ತೋಟಕ್ಕೆ ಹೋಗಿ ದುಡಿಯುವವರು. ದುಡಿಮೆಗೆ ಅವನಿಗೇನೂ ಕೊರತೆಯಿಲ್ಲ. ಅವನಿಗೆ ಬೇಕಾದುದು ಬೇಸಾಯ. ತನ್ನವೇ ಆದ ಎರಡು ಎತ್ತುಗಳನ್ನು ಕಟ್ಟಿಕೊಂಡು, ತುಂಡು ಭೂಮಿಯನ್ನು ತಾನೇ ಒಕ್ಕಲಾಗಿ ಉಳಬೇಕೆಂಬುದೊಂದೇ ಅವನ ಬಾಳಿನ ಆಸೆ. ಅಸ್ಪೃಶ್ಯನೆನ್ನಿಸಿಕೊಂಡವನಿಗೆ ಆ ಊರು ಕೊಡಲೊಲ್ಲದುದೂ ಅದೊಂದನ್ನೇ. ದುಡಿಯುವುದಕ್ಕೂ ಗೇಯುವುದಕ್ಕೂ ನಡುವೆ ಇರುವ ಅಂತರವನ್ನು ಯಾವ ನಿಘಂಟೂ ಇಷ್ಟು ನಿಚ್ಚಳವಾಗಿ ತೋರಿಸಿಲ್ಲ. ಕೊನೆಗೆ ಅವನ ಕೈಗೆ ಉಳಿಯುವುದು ವಾದ್ಯದ ದುಡಿಯೇ, ಅದನ್ನು ಬಾರಿಸುತ್ತಲೇ ಅವನು ಸಾಯುವನು. ಶೀರ್ಷಿಕೆಯಲ್ಲಿ ಕಾರಂತರು ಶ್ಲೇಷವನ್ನು ಉದ್ದೇಶಿಸಿದರೋ ಇಲ್ಲವೋ ಎಂದು ವಾದಿಸುವುದರಿಂದ ಪ್ರಯೋಜನವಿಲ್ಲ. ಭಾಷೆಯೇ ಅಲ್ಲೊಂದು ಶ್ಲೇಷವನ್ನು ಇರಿಸಿತ್ತು, ಕಥೆ ಅದನ್ನು ತುಂಬಿತು.

ಚೋಮನಂಥವರ ದುಡಿಮೆಗೆ ಕನ್ನಡವು ಇಟ್ಟ ಹೆಸರು ‘ಜೀತ’. ಇದು ‘ಜೀವಿತ’ದ ತದ್ಭವ. ಬದುಕುವುದಕ್ಕೆಂದು ಕೊಟ್ಟ ಭೂಮಿ, ಸಂಬಳ ಎಂಬ ಮರ್ಯಾದೆಯ ಅರ್ಥ ಹಿಂದೆ ಅದಕ್ಕಿತ್ತು. ತೆಲುಗಿನಲ್ಲಿ ಇಂದಿಗೂ ‘ಜೀತಮು’ ಎಂದರೆ ತಿಂಗಳ ಸಂಬಳ; ದೊಡ್ಡ ಅಧಿಕಾರಿಯೂ ಅದನ್ನು ನಾಚಿಕೆಯಿಲ್ಲದೆ ಎಣಿಸಿಕೊಳ್ಳುವನು. ಗಡಿಯ ಈಚೆಗೆ ಅದೇ ಮಾತು ಸಾಲಕ್ಕೆ ಸಿಕ್ಕಿ ಮೈಯನ್ನೇ ಒತ್ತೆಯಿಟ್ಟವನ ಪಾಡಾಗಿ, ೧೯೭೬ರ ಕಾಯಿದೆಯಿಂದ ನಿಷಿದ್ಧವಾಗಬೇಕಾಯಿತು. ಒಂದು ನಾಡಿನಲ್ಲಿ ಸಂಬಳದ ಮಾತು ಬಂಧನದ ಮಾತಾಗಬೇಕಾದರೆ ಅಲ್ಲಿ ಸಂಬಳ ಕೊಡುತ್ತಿದ್ದ ಬಗೆ ಎಂಥದೆಂದು ಊಹಿಸಬಹುದು. ‘ಬಿಟ್ಟಿ’ಯದು ಇನ್ನೂ ವಿಚಿತ್ರ. ಸಂಸ್ಕೃತದ ‘ವಿಷ್ಟಿ’ಯಿಂದ ಬಂದ ಈ ಮಾತಿಗೆ ಕೂಲಿಯಿಲ್ಲದೆ ಬಲವಂತವಾಗಿ ಮಾಡಿಸಿಕೊಳ್ಳುವ ದುಡಿಮೆ ಎಂದರ್ಥ; ಶಾಸನಗಳಲ್ಲಿ ಇದು ತೆರಿಗೆಗಳ ಸಾಲಿನಲ್ಲಿ ಬರುತ್ತದೆ. (ಹೊಯ್ಸಳ ಬಿಟ್ಟಿದೇವನ ಹೆಸರಿಗೂ ಇದಕ್ಕೂ ಸಂಬಂಧವಿಲ್ಲ, ಅದು ವಿಷ್ಣುವಿನ ತದ್ಭವ.) ಇಂದು ಬಿಟ್ಟಿಯೆಂದರೆ ದುಡಿಯದೆ ಸಿಕ್ಕಿದ್ದು. ‘ಬಿಟ್ಟಿ ಊಟ’ ಉಂಡವನನ್ನು ಜನರು ಹಳಿಯುವರು. ಹಣ ಪಡೆಯದೆ ದುಡಿದವನ ಮಾತು, ದುಡಿಯದೆ ಪಡೆದವನ ಮಾತಾಗಿ ಮಗುಚಿಬಿದ್ದಿದೆ. ಮಾಡಿದವನ ಕಡೆಯಿಂದ ಹುಟ್ಟಿದ ಪದವು ಮಾಡಿಸಿಕೊಂಡವನ ಕಡೆಯಿಂದ ಅರ್ಥವನ್ನು ಪಡೆಯಿತೆಂದು ತೋರುತ್ತದೆ. ಮಹಾಪ್ರಾಣವನ್ನು ಉಚ್ಚರಿಸದ ಹಳ್ಳಿಯ ಬಾಯಲ್ಲಿ ‘ದಣಿ’ದವನೂ ‘ಧಣಿ’ಯೂ ಒಂದೇ ಶಬ್ದವಾಗುವುದು ಇದಕ್ಕೆ ತಕ್ಕ ಹಾಸ್ಯ.

ಇಷ್ಟನ್ನು ನೋಡಿದ ಮೇಲೆ ‘ಕಾಯಕ’ಕ್ಕೆ ಬರಬಹುದು. ಕಾಯದಿಂದ, ಎಂದರೆ ಮೈಯಿಂದ, ಆದದ್ದು ಕಾಯಕ. ಸೋಮಾರಿಯನ್ನು ‘ಮೈಗಳ್ಳ’ನೆಂದು ಕರೆಯುವ ಕನ್ನಡಿಗರಿಗೆ ಈ ಮಾತು ಒಪ್ಪಿಗೆಯಾದುದರಲ್ಲಿ ಆಶ್ಚರ್ಯವಿಲ್ಲ; ಕೆಲಸವನ್ನು ಕದ್ದವನಲ್ಲ, ಸಲ್ಲಬೇಕಾದ ಮೈಯನ್ನೇ ಕದ್ದವನು ಎಂಬ ಭಾವ ಅಲ್ಲಿ ಮೊದಲೇ ಇತ್ತು. ಹನ್ನೆರಡನೆಯ ಶತಮಾನದ ಶರಣರು ಇದಕ್ಕೆ ಬಿಗಿಯಾದ ಷರತ್ತುಗಳನ್ನು ಇಟ್ಟರು. ಕಾಯಕವು ತನ್ನ ಮೈಯಿಂದ ಆಗಬೇಕು; ಬಂದುದು ಅಂದಂದಿಗೆ ಸಲ್ಲಬೇಕು, ದಾಸೋಹಕ್ಕೆ ಸಲ್ಲಬೇಕು; ಕೂಡಿಡುವ ಆಸೆ ಬಂದರೆ ಅದು ಕಾಯಕವಲ್ಲ. ಆಯ್ದಕ್ಕಿ ಮಾರಯ್ಯನು ಒಂದು ದಿನ ಎಂದಿಗಿಂತ ಹೆಚ್ಚು ಅಕ್ಕಿಯನ್ನು ಆಯ್ದು ತಂದಾಗ ಹೆಂಡತಿ ಲಕ್ಕಮ್ಮನು ಆ ಹೆಚ್ಚಿನದನ್ನು ಹಿಂದಕ್ಕೆ ಸುರಿದು ಬರುವಂತೆ ಹೇಳಿದ ಕಥೆ ಸರ್ವವಿದಿತ. ನುಲಿಯ ಚಂದಯ್ಯನು ಹಗ್ಗದ ಹುಲ್ಲು ಕೊಯ್ಯುವಾಗ ಲಿಂಗವು ಜಾರಿ ನೀರಿಗೆ ಬಿದ್ದರೂ ಕೆಲಸವನ್ನು ಬಿಡಲಿಲ್ಲವೆಂದೂ, ಲಿಂಗವೇ ಅವನ ಬೆನ್ನುಹತ್ತಿ ಬಂದಿತೆಂದೂ ಪ್ರತೀತಿ. ಫ. ಗು. ಹಳಕಟ್ಟಿಯವರು ೧೯೨೩ರಲ್ಲಿ ‘ವಚನಶಾಸ್ತ್ರಸಾರ’ವನ್ನು ಅಚ್ಚುಹಾಕಿಸಿದ ಮೇಲೆ ಈ ಮಾತುಕಥೆಗಳು ಮಠಗಳನ್ನು ದಾಟಿ ಎಲ್ಲ ಓದುಗರ ಸೊತ್ತಾದುವು.

ಸೊತ್ತಾದ ಮೇಲೆ ಅದನ್ನು ಖರ್ಚುಮಾಡುವವರೂ ಹೆಚ್ಚಿದರು. ಈಗ ಬಡ್ಡಿವ್ಯಾಪಾರವೂ ಕಾಯಕ, ಪಕ್ಷಾಂತರವೂ ಕಾಯಕ. ‘ಕಳ್ಳತನವನ್ನೇ ಕಾಯಕ ಮಾಡಿಕೊಂಡಿದ್ದ’ ಎಂದು ಪತ್ರಿಕೆಯವರು ವ್ಯಂಗ್ಯವೂ ಇಲ್ಲದೆ ಬರೆಯುವರು. ಇದಕ್ಕಿಂತ ಹೆಚ್ಚು ಗಮನಿಸತಕ್ಕದ್ದು ಇನ್ನೊಂದು ಬಳಕೆ. ಸಂಬಳ ಏರಿಸಿರೆಂದು ಕೇಳುವ ನೌಕರನಿಗೆ ಕಾಯಕದ ಮಹಿಮೆಯನ್ನು ಬೋಧಿಸುವುದು ಸಂಪ್ರದಾಯವಾಗುತ್ತಿದೆ. ಶರಣರ ಷರತ್ತುಗಳು ದುಡಿಯುವವನು ತನಗೆ ತಾನೇ ವಿಧಿಸಿಕೊಂಡವು; ದುಡಿಸಿಕೊಳ್ಳುವವನು ಅವನ್ನು ಎತ್ತಿಕೊಂಡು ಇನ್ನೊಬ್ಬನ ಮೇಲೆ ಹೇರಿದರೆ ಆಗುವುದು ಕಾಯಕವಲ್ಲ, ಹಳೆಯ ಅರ್ಥದ ಬಿಟ್ಟಿ.

ಮತ್ತೊಂದು ಸಂಗತಿಯನ್ನು ಬರೆಯುವವರು ಮರೆತಿದ್ದಾರೆ. ಶರಣರ ಹೆಸರುಗಳ ಮುಂದೆ ಕಾಯಕವೂ ಸೇರಿರುವುದು ಮಡಿವಾಳ ಮಾಚಯ್ಯ, ಅಂಬಿಗರ ಚೌಡಯ್ಯರಂಥ ಗಂಡಸರಿಗೆ ಮಾತ್ರವಲ್ಲ. ರಾಟೆಯ ಕದಿರಿನಿಂದ ಹೆಸರು ಪಡೆದವಳು ಕದಿರ ರೆಮ್ಮವ್ವೆ. ಬತ್ತ ಕುಟ್ಟುವ ಕೆಲಸದಿಂದ ಹೆಸರು ಪಡೆದವಳು ಕೊಟ್ಟಣದ ಸೋಮವ್ವೆ. ನೂಲುವುದೂ ಕುಟ್ಟುವುದೂ ಮೊನ್ನೆಮೊನ್ನೆಯವರೆಗೆ ಪ್ರತಿಯೊಂದು ಮನೆಯ ಹಿತ್ತಿಲಲ್ಲಿ ಹೆಂಗಸರು ಲೆಕ್ಕವಿಲ್ಲದೆ ಮಾಡುತ್ತಿದ್ದ ಕೆಲಸಗಳೇ. ಎಂಟು ನೂರು ವರ್ಷಗಳ ಹಿಂದೆ ಅವನ್ನು ಹೆಸರಿನ ಮುಂದೆ ಇಟ್ಟುಕೊಂಡು ಆ ಹೆಂಗಸರು ಅನುಭಾವಿಗಳ ನಡುವೆ ಕುಳಿತು ವಚನ ಹೇಳಿದರು. ಇಂದು ಶಾಲೆಯ ಅರ್ಜಿಯಲ್ಲಿ ‘ತಾಯಿಯ ಉದ್ಯೋಗ’ ಎಂಬ ಅಂಕಣದ ಎದುರಿಗೆ ಒಂದು ಅಡ್ಡಗೀಟು ಎಳೆದು ಮುಂದಿನ ಸಾಲಿಗೆ ಹೋಗುವರು.