ಕಂಪನಿ ಯಾರದು? ಮೈಂಡ್‌ಟ್ರೀ ಮತ್ತು ಆಕ್ಜೋನೊಬೆಲ್

2019ರ ಮಾರ್ಚ್‌ನಲ್ಲಿ ಕಾಫಿ ಡೇಯ ವಿ.ಜಿ. ಸಿದ್ಧಾರ್ಥ ಅವರು ಮೈಂಡ್‌ಟ್ರೀಯಲ್ಲಿ ತಮಗಿದ್ದ ಶೇ. 20ರಷ್ಟು ಷೇರುಗಳನ್ನು ತಲಾ 980 ರೂಪಾಯಿಗೆ ಎಲ್ ಆ್ಯಂಡ್ ಟಿಗೆ ಮಾರಲು ಒಪ್ಪಿದಾಗ, ಬೈಟನ್‌ವೆಲ್ಡರ್ಟ್‌ನ ನಮ್ಮ ಮನೆಗಳಲ್ಲೂ ‘ಬೆಂಗಳೂರಿನ ಕಂಪನಿಯನ್ನು ಕಿತ್ತುಕೊಂಡರು’ ಎಂಬ ಮಾತೇ ಕೇಳಿಬಂತು. ನನಗೆ ಈ ಮಾತು ಅರ್ಧ ಮಾತ್ರ ಸರಿ ಎನಿಸುತ್ತದೆ.

1999ರಲ್ಲಿ ಕಟ್ಟಿದ ಕಂಪನಿ 2007ರಲ್ಲಿ ಷೇರುಪೇಟೆಗೆ ಬಂತು. 2019ರ ಹೊತ್ತಿಗೆ ಸ್ಥಾಪಕರ ಕೈಯಲ್ಲಿ ಉಳಿದದ್ದು ಸುಮಾರು ಶೇ. 13. ಅತಿ ದೊಡ್ಡ ಷೇರುದಾರ ಸಿದ್ಧಾರ್ಥ. ಅವರಿಗೆ ಸಾಲ ತೀರಿಸಲು ಹಣ ಬೇಕಿತ್ತು. ಫಂಡ್‌ಗಳಿಗೆ ಬೇಕಾದದ್ದು ಒಳ್ಳೆಯ ಬೆಲೆ. ಸ್ಥಾಪಕರು ಸಂಸ್ಕೃತಿ, ಸ್ವಾತಂತ್ರ್ಯ ಎಂದರು. ಸುಬ್ರತೋ ಬಾಗ್ಚಿ ಒಡಿಶಾ ಸರ್ಕಾರದ ಹುದ್ದೆ ಬಿಟ್ಟು ಓಡಿ ಬಂದರು. ಆ ನೋವು ಸುಳ್ಳಲ್ಲ. ಆದರೆ ಪೇಟೆಯಿಂದ ಬಂಡವಾಳ ಪಡೆಯುವಾಗ ಷೇರುದಾರ ಒಡೆಯ, ಅವನು ಮಾರಹೊರಟಾಗ ಪರಕೀಯ ಎಂದರೆ ಲೆಕ್ಕ ಕೂಡುವುದಿಲ್ಲ. ಷೇರು ಮರುಖರೀದಿಯ ಯೋಚನೆಯೂ ಒಂದೇ ವಾರದಲ್ಲಿ ಬಿದ್ದುಹೋಯಿತು. ಜುಲೈ ಹೊತ್ತಿಗೆ ಎಲ್ ಆ್ಯಂಡ್ ಟಿ ಶೇ. 60ರಷ್ಟು ಹಿಡಿದಿತ್ತು, ಸ್ಥಾಪಕರು ಹೊರನಡೆದಿದ್ದರು. ಹಣ ಹಾಕಿದವರು ಹಣ ನೋಡಿ ನಿರ್ಧರಿಸಿದ್ದರು. ಸಾವಿರಾರು ಉದ್ಯೋಗಿಗಳನ್ನು ಮಾತ್ರ ಯಾರೂ ಕೇಳಲಿಲ್ಲ. ನನ್ನ ತಕರಾರು ಇರುವುದು ಇಲ್ಲಿ.

ನಮ್ಮ ಬಡಾವಣೆಗೆ ಅಂಟಿಕೊಂಡೇ ಇರುವ ಜುಯ್ಡಾಸ್‌ನಲ್ಲಿ 2017ರಲ್ಲಿ ಇದಕ್ಕೆ ತದ್ವಿರುದ್ಧವಾದದ್ದು ನಡೆಯಿತು. ಬಣ್ಣದ ಕಂಪನಿ ಆಕ್ಜೋನೊಬೆಲ್‌ಗೆ ಅಮೆರಿಕದ ಪಿಪಿಜಿ ಸುಮಾರು 2,690 ಕೋಟಿ ಯೂರೋ ಕೊಡುವುದಾಗಿ ಹೇಳಿತು. ಆಡಳಿತ ಒಪ್ಪಲಿಲ್ಲ. ಎಲಿಯಟ್ ಎಂಬ ಫಂಡ್ ಅಧ್ಯಕ್ಷರನ್ನು ಕೆಳಗಿಳಿಸಲು ಹೊರಟು ಆಮ್‌ಸ್ಟರ್‌ಡ್ಯಾಮ್‌ನ ಉದ್ಯಮ ನ್ಯಾಯಪೀಠದ ಮೆಟ್ಟಿಲೇರಿತು. ಮೇ ತಿಂಗಳಲ್ಲಿ ಸೋತಿತು. ಡಚ್ ಕಾನೂನಿನಲ್ಲಿ ನಿರ್ದೇಶಕರು ಷೇರುದಾರರ ಜೊತೆಗೆ ಉದ್ಯೋಗಿಗಳ, ಕಂಪನಿಯ ದೀರ್ಘಕಾಲದ ಹಿತವನ್ನೂ ತೂಗಬೇಕು. ಭಾರತದ 2013ರ ಕಂಪನಿ ಕಾಯ್ದೆಯ 166ನೇ ಕಲಮು ಕೂಡ ಹೆಚ್ಚುಕಡಿಮೆ ಇದನ್ನೇ ಹೇಳುತ್ತದೆ, ಕಾಗದದ ಮೇಲೆ. ಷೇರು ಕೈಬದಲಾಗುವ ದಿನ ಅದು ಯಾರ ನೆನಪಿಗೂ ಬಂದಂತೆ ಕಾಣಲಿಲ್ಲ.

ಹಾಗೆಂದು ಇಲ್ಲಿಯ ಪದ್ಧತಿಯನ್ನು ಹಾಡಿಹೊಗಳಲೂ ಮನಸ್ಸು ಒಪ್ಪದು. ‘ಎಲ್ಲರ ಹಿತ’ ಎಂಬುದು ಕುರ್ಚಿ ಉಳಿಸಿಕೊಳ್ಳುವ ಗುರಾಣಿಯೂ ಆದೀತು. ಪಿಪಿಜಿಯನ್ನು ಹಿಂದಕ್ಕೆ ಕಳಿಸಿದ ಅದೇ ಆಕ್ಜೋನೊಬೆಲ್ ಮರುವರ್ಷವೇ ತನ್ನ ರಾಸಾಯನಿಕ ವಿಭಾಗವನ್ನು, ಅದರ ಉದ್ಯೋಗಿಗಳ ಸಮೇತ, ಅಮೆರಿಕದ ಕಾರ್ಲೈಲ್ ಮತ್ತು ಸಿಂಗಪುರದ ಜಿಐಸಿಗೆ ಮಾರಿತು.