ಸಿಂಧುವಿನಿಂದ ವೈಗೈವರೆಗೆ: ಒಂದು ವಿಮರ್ಶೆ

ಸಿಂಧೂ ನಗರಗಳು ಅಳಿದ ಮೇಲೆ ಅಲ್ಲಿಯ ಜನ ಏನಾದರು? ತಮಿಳಿನ ಸಂಗಂ ಕಾವ್ಯದ ನಗರಜೀವನಕ್ಕೆ ಮೂಲವೆಲ್ಲಿ? ಈ ಎರಡು ಪ್ರಶ್ನೆಗಳಿಗೂ ಉತ್ತರವೊಂದೇ ಎಂಬುದು ಆರ್. ಬಾಲಕೃಷ್ಣನ್ ಅವರ ‘ಜರ್ನಿ ಆಫ್ ಎ ಸಿವಿಲೈಸೇಷನ್: ಇಂಡಸ್ ಟು ವೈಗೈ’ ಎಂಬ ಇಂಗ್ಲಿಷ್ ಗ್ರಂಥದ ಪ್ರತಿಪಾದನೆ. ಚೆನ್ನೈನ ರೋಜಾ ಮುತ್ತಯ್ಯ ಸಂಶೋಧನ ಗ್ರಂಥಾಲಯವು 2019ರಲ್ಲಿ ಪ್ರಕಟಿಸಿದ ಈ ಕೃತಿಯ ಹಿಂದಿರುವ ಪರಿಶ್ರಮ ಸ್ತುತ್ಯವಾದುದು. ಆದರೆ ಪರಿಶ್ರಮದ ಹಿರಿಮೆ ಬೇರೆ, ಪ್ರಮಾಣದ ಬಲ ಬೇರೆ.

ಗ್ರಂಥಕರ್ತರ ಮುಖ್ಯ ಆಧಾರ ಸ್ಥಳನಾಮ. ಕೊರ್ಕೈ, ವಂಜಿ, ತೊಂಡಿ ಎಂಬ ಸಂಗಂ ಕಾಲದ ಊರುಗಳ ಹೆಸರುಗಳನ್ನು ಹೋಲುವ ಹೆಸರುಗಳು ಇಂದಿನ ಪಾಕಿಸ್ತಾನ, ಆಫ್ಘಾನಿಸ್ತಾನಗಳಲ್ಲಿಯೂ ಇವೆಯೆಂದು ಅವರು ತೋರಿಸುತ್ತಾರೆ. ಹೋಲಿಕೆ ಕುತೂಹಲಕರವೇ ಸರಿ. ಆದರೆ ವಚನವೊಂದರ ಕರ್ತೃತ್ವವನ್ನು ಅಂಕಿತಮಾತ್ರದಿಂದ ನಿರ್ಣಯಿಸಲಾಗದು, ಓಲೆಪ್ರತಿಗಳ ಸಾಕ್ಷ್ಯವೂ ಬೇಕು. ಅಂತೆಯೇ ಊರೊಂದರ ಇಂದಿನ ಹೆಸರು ನಾಲ್ಕು ಸಾವಿರ ವರ್ಷಗಳ ಹಿಂದೆಯೂ ಅದೇ ಆಗಿತ್ತೆನ್ನಲು ನಡುಗಾಲದ ಬರಹದ ಆಧಾರ ಬೇಕು.

ದಿಕ್ಕುಗಳ ವಾದ ಇದಕ್ಕಿಂತ ಗಟ್ಟಿಯಾದುದು. ಮೊಹೆಂಜೊದಾರೊ, ಕಾಲಿಬಂಗನ್‌ಗಳಲ್ಲಿ ಕೋಟೆಯ ಭಾಗ ಪಡುವಣದ ಎತ್ತರದಲ್ಲಿದೆ. ಜನವಸತಿ ಮೂಡಣದ ತಗ್ಗಿನಲ್ಲಿದೆ. ತಮಿಳಿನ ‘ಮೇಲ್’ ಶಬ್ದಕ್ಕೆ ಪಡುವಣವೆಂದೂ ‘ಕೀೞ್’ ಶಬ್ದಕ್ಕೆ ಮೂಡಣವೆಂದೂ ಅರ್ಥವುಂಟು. ಆದರೆ ಪಡುವಣಕ್ಕೆ ಸಹ್ಯಾದ್ರಿಯೂ ಮೂಡಣಕ್ಕೆ ಕಡಲೂ ಇರುವ ತಮಿಳುನೆಲವೇ ಈ ಅರ್ಥಗಳನ್ನು ಕೊಟ್ಟಿರಬಾರದೇಕೆ? ಬೆಟ್ಟಗಳು ಮೂಡಣಕ್ಕಿರುವ ಕೇರಳದಲ್ಲಿಯೂ ಆ ದಿಕ್ಕನ್ನು ‘ಕಿೞಕ್ಕ್’ ಎನ್ನುವುದರಿಂದ, ಮಾತು ತಾನು ಹುಟ್ಟಿದ ನೆಲವನ್ನು ದಾಟಿ ಬಾಳಬಲ್ಲದೆಂಬುದು ನಿಜ. ಅದು ದಾಟಿದ್ದು ಸಹ್ಯಾದ್ರಿಯನ್ನೋ ವಿಂಧ್ಯವನ್ನೋ ಎಂಬುದೇ ಪ್ರಶ್ನೆ. ಸೋದರಭಾಷೆಯಾದ ಕನ್ನಡದಲ್ಲಿ ರೂಢವಾದ ಮೂಡಣ, ಪಡುವಣಗಳು ಸೂರ್ಯನು ಮೂಡುವುದರಿಂದಲೂ ಪಡುವುದರಿಂದಲೂ ಬಂದವು. ಸಿಂಧೂ ನಗರಗಳ ರಚನೆಯೇ ದ್ರಾವಿಡನುಡಿಗೆ ದಿಕ್ಕುಗಳ ಹೆಸರನ್ನು ಕೊಟ್ಟಿದ್ದರೆ, ಕನ್ನಡದಲ್ಲಿ ಆ ಪದ್ಧತಿ ರೂಢವಾಗದೆ ಹೋದುದೇಕೆ? ಇದಕ್ಕೆ ಸಮಾಧಾನ ದೊರೆಯುವವರೆಗೆ ವಾದ ಅಪೂರ್ಣ.

ಕಾಲದ ಅಂತರವೂ ಚಿಕ್ಕದಲ್ಲ. ಸಿಂಧೂ ನಗರಗಳು ಕ್ಷೀಣಿಸಿದ್ದು ಕ್ರಿ.ಪೂ. 1900ರ ಸುಮಾರಿಗೆ. ವೈಗೈ ತೀರದ ಕೀಳಡಿಯ ನೆಲೆಗೆ ತಮಿಳುನಾಡಿನ ಪುರಾತತ್ತ್ವ ಇಲಾಖೆ 2019ರಲ್ಲಿ ಹೇಳಿದ ಕಾಲ ಕ್ರಿ.ಪೂ. 6ನೆಯ ಶತಮಾನ. ನಡುವಣ 1300 ವರ್ಷಗಳನ್ನು ಹೆಸರುಗಳ ಸಾಮ್ಯವೊಂದರಿಂದಲೇ ತುಂಬಲಾಗದು. ಸಿಂಧೂ ಲಿಪಿಯನ್ನು ಸರ್ವಸಮ್ಮತವಾಗಿ ಓದಿದವರೂ ಇಲ್ಲ.

ಸಿಂಧೂ ಜನರ ನುಡಿ ದ್ರಾವಿಡವಾಗಿದ್ದಿತೆಂಬುದು ಐರಾವತಂ ಮಹಾದೇವನ್, ಅಸ್ಕೊ ಪರ್ಪೋಲರಂತಹ ವಿದ್ವಾಂಸರ ಮತ. ಅದು ಸಿದ್ಧವಾದರೂ ಆ ದಾಯ ತಮಿಳೊಂದಕ್ಕೇ ಸಲ್ಲುವುದಿಲ್ಲ. ಕನ್ನಡಕ್ಕೂ ತೆಲುಗಿಗೂ ಬಲೂಚಿಸ್ತಾನದ ಬ್ರಾಹುಯಿಗೂ ಅದರಲ್ಲಿ ಪಾಲುಂಟು. ಸಂಗಂ ಕಾವ್ಯವಾದರೋ ತನ್ನ ಗುಣದಿಂದಲೇ ಹಿರಿದು. ಅದರ ಹಿರಿಮೆಗೆ ಸಿಂಧುವಿನ ಮುದ್ರೆ ಬೀಳಬೇಕಾಗಿಲ್ಲ.