ಕಳೆದುಹೋದ ನಾದಗ್ರಂಥ: ಒಂದು ಊಹೆಯ ಪರಿಶೀಲನೆ

ಠಾಣೆ, ಡೊಂಬಿವಲಿ, ಕಲ್ಯಾಣ, ನವಿ ಮುಂಬಯಿಗಳ ಕನ್ನಡಿಗರ ಸಭೆಗಳಲ್ಲಿ ಮಧ್ಯಕಾಲೀನ ಸಾಹಿತ್ಯವನ್ನು ಕುರಿತು ಮಾತನಾಡಿದಾಗಲೆಲ್ಲ ಒಂದು ಪ್ರಶ್ನೆ ನಮಗೆ ಎದುರಾಗುತ್ತ ಬಂದಿದೆ. ನಾದದ ರಹಸ್ಯವನ್ನು, ಸ್ವರದಿಂದ ಸಮಾಧಿಗೆ ಏರುವ ಕ್ರಮವನ್ನು ತಿಳಿಸುವ ಕನ್ನಡ ಗ್ರಂಥವೊಂದು ಕಲ್ಯಾಣದಲ್ಲಿತ್ತಂತೆ, ಶರಣರ ಕಾಲದ ಕ್ಷೋಭೆಯಲ್ಲಿ ಅದು ಹಾಳಾಯಿತಂತೆ, ನಿಜವೇ? ಕೇಳುವವರ ಶ್ರದ್ಧೆ ದೊಡ್ಡದು. ಆದರೆ ಶ್ರದ್ಧೆಯು ಆಧಾರದ ಸ್ಥಾನವನ್ನು ಆಕ್ರಮಿಸಬಾರದು. ಈ ಊಹೆಯ ಬಲಾಬಲವನ್ನು ಪರಿಶೀಲಿಸುವುದು ಪ್ರಸ್ತುತ ಲೇಖನದ ಉದ್ದೇಶ.

ಮೊದಲು ಸ್ಥಳನಾಮದ ತೊಡಕನ್ನು ಬಿಡಿಸಬೇಕು. ಠಾಣೆ ಜಿಲ್ಲೆಯ ಕಲ್ಯಾಣವು 'ಪೆರಿಪ್ಲಸ್' ಎಂಬ ಗ್ರೀಕ್ ಗ್ರಂಥದಲ್ಲಿ ಉಕ್ತವಾದ ಪ್ರಾಚೀನ ರೇವುಪಟ್ಟಣ. ಕಾನ್ಹೇರಿಯ ಗುಹಾಲೇಖಗಳಲ್ಲಿ ಅಲ್ಲಿನ ದಾನಿಗಳ ಹೆಸರುಗಳಿವೆ. ಚಾಲುಕ್ಯರ, ಶರಣರ ಕಲ್ಯಾಣ ಬೀದರ ಜಿಲ್ಲೆಯ ಇಂದಿನ ಬಸವಕಲ್ಯಾಣ. ಹೆಸರಿನ ಸಾಮ್ಯದಿಂದ ಇಲ್ಲಿನ ನಮ್ಮವರಲ್ಲಿ ಕೆಲವರು ಎರಡನ್ನೂ ಒಂದಾಗಿಸಿಕೊಂಡಿದ್ದಾರೆ. ಡೊಂಬಿವಲಿಗೆ ಸಮೀಪದ ಅಂಬರನಾಥದಲ್ಲಿ ಶಿಲಾಹಾರ ಮಮ್ವಾಣಿಯ ಕಾಲದ, ಶಕ 982ರ, ಎಂದರೆ ಕ್ರಿ.ಶ. 1060ರ ಲೇಖವುಳ್ಳ ಶಿವಾಲಯವಿದೆ. ಅದು ಈ ನೆಲದ ಗೌರವವನ್ನು ಸಾರುವುದೇ ಹೊರತು ನಮ್ಮ ಗ್ರಂಥಕ್ಕೆ ಸಾಕ್ಷಿಯಾಗದು.

ಒಂದು ಕೃತಿ ನಷ್ಟವಾಗಿದೆ ಎನ್ನುವುದಕ್ಕೂ ಅದು ಇತ್ತೆಂಬುದಕ್ಕೆ ಪ್ರಮಾಣ ಬೇಕು. ಕನ್ನಡದಲ್ಲಿ ಇದಕ್ಕೆ ಉತ್ತಮ ನಿದರ್ಶನಗಳಿವೆ. ಕವಿರಾಜಮಾರ್ಗವು ಹೆಸರಿಸುವ ವಿಮಲೋದಯ, ನಾಗಾರ್ಜುನ, ಜಯಬಂಧು, ದುರ್ವಿನೀತರ ಕನ್ನಡ ಕೃತಿಗಳು ನಮಗೆ ದೊರೆತಿಲ್ಲ. ಗಂಗ ಶಿವಮಾರನ 'ಗಜಾಷ್ಟಕ'ವೂ ದೊರೆತಿಲ್ಲ. ಆದರೂ ಅದನ್ನು ಓವನಿಗೆಯಾಗಿ, ಒನಕೆವಾಡಾಗಿ ಹಾಡುತ್ತಿದ್ದರೆಂದು ಶಾಸನವೇ ಹೇಳುತ್ತದೆ. ಕೇಶಿರಾಜ ತನ್ನ 'ಚೋಳಪಾಲಕ ಚರಿತ', 'ಸುಭದ್ರಾಹರಣ' ಮೊದಲಾದವುಗಳನ್ನು ತಾನೇ ಹೆಸರಿಸಿದ್ದಾನೆ. ಇವು ಕಳೆದುಹೋದ ಕೃತಿಗಳು. ಶಾಸನದಲ್ಲಾಗಲಿ ಪೂರ್ವಕವಿಸ್ಮರಣೆಯಲ್ಲಾಗಲಿ ಸಂಕಲನದಲ್ಲಾಗಲಿ ಕುರುಹು ಉಳಿಸದ ಕೃತಿಯನ್ನು ಕಳೆದುಹೋದುದು ಎನ್ನಲಾಗದು. ಅದು ಕಲ್ಪಿತ ಕೃತಿ.

ಹಾಗಾದರೆ ಕಲ್ಯಾಣದಲ್ಲಿ ನಾದವನ್ನು ಕುರಿತ ಗ್ರಂಥಗಳೇ ಇರಲಿಲ್ಲವೆ? ಇದ್ದವು; ಆದರೆ ಸಂಸ್ಕೃತದಲ್ಲಿ. ಮೂರನೆಯ ಸೋಮೇಶ್ವರನ 'ಮಾನಸೋಲ್ಲಾಸ'ದಲ್ಲಿ ಗೀತ, ವಾದ್ಯ, ನೃತ್ಯಗಳು ರಾಜವಿನೋದಗಳಾಗಿ ವಿಸ್ತಾರ ಪಡೆದಿವೆ. ಅವನ ಮಗ ಇಮ್ಮಡಿ ಜಗದೇಕಮಲ್ಲನ 'ಸಂಗೀತಚೂಡಾಮಣಿ' ಅಪೂರ್ಣವಾಗಿ ದೊರೆತು 1958ರಲ್ಲಿ ಬರೋಡದ ಗಾಯಕವಾಡ ಗ್ರಂಥಮಾಲೆಯಲ್ಲಿ ಅಚ್ಚಾಯಿತು. ಮುಂದಿನ ಶತಮಾನದಲ್ಲಿ ದೇವಗಿರಿಯ ಶಾರ್ಙ್ಗದೇವ 'ಸಂಗೀತರತ್ನಾಕರ'ದ ಆರಂಭದಲ್ಲಿ ಪೂರ್ವಾಚಾರ್ಯರನ್ನು ಎಣಿಸುವಾಗ ಸೋಮೇಶ, ಜಗದೇಕಮಹೀಪತಿಯರನ್ನೂ, ಮಿಥಿಲೆಯ ಕರ್ಣಾಟ ವಂಶದ ನಾನ್ಯಭೂಪಾಲನನ್ನೂ ಸ್ಮರಿಸುತ್ತಾನೆ. ಪ್ರಮಾಣವೆಂದರೆ ಇದು. 'ಸಂಗೀತಚೂಡಾಮಣಿ'ಯ ಲುಪ್ತಭಾಗವನ್ನು ಕುರಿತು ದುಃಖಿಸಲು ನಮಗೆ ಹಕ್ಕಿದೆ, ಏಕೆಂದರೆ ಅದು ಇತ್ತು.

ಕನ್ನಡದಲ್ಲಿ ನಾದಚಿಂತನೆ ಬೇರೆ ದಾರಿಗಳಲ್ಲಿ ಹರಿಯಿತು. ಕೇಶಿರಾಜನ 'ಶಬ್ದಮಣಿದರ್ಪಣ'ವು ಹೊಕ್ಕುಳ ಮೂಲದಿಂದೆದ್ದ ಗಾಳಿ ಕಹಳೆಯ ದನಿಯಂತೆ ಶಬ್ದದ್ರವ್ಯವಾಗುವುದನ್ನು ಹೇಳಿ, ಆ ದ್ರವ್ಯಕ್ಕೆ ಬಿಳಿಯ ಬಣ್ಣವನ್ನೂ ಕೊಡುತ್ತದೆ. ಶಬ್ದವನ್ನು ದ್ರವ್ಯವೆನ್ನುವ ಜೈನ ದೃಷ್ಟಿ ಇದು. ಇದರಲ್ಲಿ ವ್ಯಾಕರಣಕಾರನ ಎಚ್ಚರವಿದೆ, ಯೋಗಿಯ ಪರವಶತೆಯಿಲ್ಲ. ಇನ್ನೊಂದು ದಾರಿ ವಚನಗಳದು. ಜಗದೇಕಮಲ್ಲನ ತರುವಾಯ ಎರಡು ದಶಕಗಳೊಳಗೆ, ಅದೇ ನಗರದಲ್ಲಿ, ಬಸವಣ್ಣ ತನ್ನ ದೇಹವನ್ನೇ ವೀಣೆಯಾಗಿಸಿ ನುಡಿಸಿಕೊಳ್ಳೆಂದು ದೇವರನ್ನು ಬೇಡಿದ. ಇನ್ನೊಂದು ವಚನದಲ್ಲಿ ತಾಳವನ್ನಾಗಲಿ ಗಣಗಳನ್ನಾಗಲಿ ತಾನರಿಯೆನೆಂದ. ಅರಿಯೆನೆಂಬ ಈ ಮಾತು ಅಜ್ಞಾನದ್ದಲ್ಲ. ಪರಿಭಾಷೆಯನ್ನು ಬಲ್ಲವನು ಮಾತ್ರ ಅದನ್ನು ಹೆಸರಿಸಿ ಬದಿಗಿಡಬಲ್ಲ. ಅರಮನೆಯ ಲಕ್ಷಣಗ್ರಂಥವು ಶಾಸ್ತ್ರವಾಗಿಸಿದ ನಾದವನ್ನು ವಚನವು ಶಾಸ್ತ್ರದಿಂದ ಬಿಡಿಸಿ ದೇಹಕ್ಕೆ ಮರಳಿಸಿತು. ಇಂಥ ಮನೋಧರ್ಮದವರು ನಾದರಹಸ್ಯಕ್ಕೆ ಲಕ್ಷಣಗ್ರಂಥವೊಂದನ್ನು ಬರೆದಿರಲೇಬೇಕೆಂದು ಊಹಿಸುವುದು ಅವರ ಮಾತನ್ನೇ ಕೇಳದಿರುವುದಕ್ಕೆ ಸಮ.

ಕ್ಷೋಭೆಯಲ್ಲಿ ಗ್ರಂಥ ಅಳಿಯಿತೆಂಬ ವಾದಕ್ಕೂ ತೂಕವಿಲ್ಲ. ಅದೇ ಕ್ಷೋಭೆಯನ್ನು ದಾಟಿ ಸಾವಿರಾರು ವಚನಗಳು ಉಳಿದಿವೆ. ಹದಿನೈದನೆಯ ಶತಮಾನದಲ್ಲಿ ನಿಜಗುಣ ಶಿವಯೋಗಿ ತನ್ನ 'ವಿವೇಕಚಿಂತಾಮಣಿ'ಯಲ್ಲಿ ಶಾಸ್ತ್ರಗಳನ್ನೆಲ್ಲ ಕನ್ನಡ ಗದ್ಯದಲ್ಲಿ ಸಂಗ್ರಹಿಸುವಾಗ ಸಂಗೀತಕ್ಕೂ ಸ್ಥಾನ ಕೊಟ್ಟ. ಆ ಗ್ರಂಥ 1604ರಲ್ಲಿ ಮರಾಠಿಗೂ ಬಂದಿತು. ಯೋಗಿಯೊಬ್ಬ ಕನ್ನಡದಲ್ಲಿ ಸಂಗೀತವನ್ನು ಕುರಿತು ಬರೆದುದು ಹೀಗೆ ನಮ್ಮ ಕೈಯಲ್ಲೇ ಇದೆ. ಇಲ್ಲದ ಗ್ರಂಥಕ್ಕಾಗಿ ಹಂಬಲಿಸುವವರು ಇರುವುದನ್ನು ತೆರೆದು ನೋಡುವುದು ಅಪರೂಪ.

ಆದರೂ ಈ ಊಹೆಯನ್ನು ನಾವು ನಕ್ಕು ತಳ್ಳಲಾರೆವು. ಅದರ ಹಿಂದೆ ನಿಜವಾದ ನಷ್ಟವೊಂದರ ಅರಿವಿದೆ. ಕಳೆದುಹೋದುದು ಗ್ರಂಥವಲ್ಲ, ಧಾಟಿ. ಶರಣರು ಹಾಡಿದ ಬಗೆ ಯಾವ ಓಲೆಯಲ್ಲೂ ಇಲ್ಲ. ಪುರಂದರದಾಸರ ಪದಗಳ ಸಾಹಿತ್ಯ ಉಳಿದಿದೆ, ಬಹುಪಾಲು ಪದಗಳ ಮೂಲ ಮಟ್ಟುಗಳು ಹೋಗಿವೆ. ಮಲ್ಲಿಕಾರ್ಜುನ ಮನಸೂರರು ಹಾಡಿದ ವಚನಗಳಲ್ಲಿ ನಾವು ಕೇಳುವುದು ಇಪ್ಪತ್ತನೆಯ ಶತಮಾನದ ಮಹಾಗಾಯಕನೊಬ್ಬನ ನಾದವನ್ನು, ಹನ್ನೆರಡನೆಯ ಶತಮಾನದ್ದನ್ನಲ್ಲ. ಅದರಿಂದ ಅದರ ಬೆಲೆ ಕುಗ್ಗುವುದಿಲ್ಲ.

ಹೊರನಾಡಿನ ಸಂಶೋಧಕರು ಗಮನಿಸಬೇಕಾದ ಸಂಗತಿ ಇಲ್ಲಿದೆ. ಈ ಉಪನಗರಗಳಿಗೆ ಬಂದ ಕನ್ನಡ ಕುಟುಂಬಗಳು ಉತ್ತರ ಕರ್ನಾಟಕದಿಂದ ತತ್ತ್ವಪದಗಳನ್ನೂ ಕರಾವಳಿಯಿಂದ ದಾಸರ ಪದಗಳನ್ನೂ ತಂದವು. ಹಿರಿಯರ ಕಪಾಟುಗಳಲ್ಲಿ ಕೈಬರಹದ ಹಾಡಿನ ಪುಸ್ತಕಗಳಿವೆ. ಪದದ ಮೇಲೆ ರಾಗದ ಹೆಸರು, ಕೆಲವೊಮ್ಮೆ ಇಂಥ ಹಾಡಿನ ಧಾಟಿ ಎಂಬ ಒಂದು ಸಾಲು, ಅಷ್ಟೇ. ಆ ಸಾಲಿನ ಅರ್ಥ ಬಲ್ಲ ಕಂಠ ಇನ್ನೂ ಆ ಮನೆಯಲ್ಲಿದೆ. ಮನೆ ಬದಲಾಯಿಸುವಾಗ ಪುಸ್ತಕ ರದ್ದಿಗೆ ಹೋದರೆ, ಕಂಠವೂ ಮೌನವಾದರೆ, ಮುಂದಿನವರು ಠಾಣೆಯ ಕಲ್ಯಾಣದಲ್ಲೂ ನಾದಗ್ರಂಥವೊಂದು ಇತ್ತಂತೆ ಎನ್ನುವರು. ಆಗ ಆ ಮಾತು ಸುಳ್ಳಾಗಿರುವುದಿಲ್ಲ. ಪುಸ್ತಕದ ಪ್ರತಿ ತೆಗೆಯುವುದರ ಜೊತೆಗೆ ಹಾಡಿದ ದನಿಯನ್ನೂ ಮುದ್ರಿಸಿಕೊಳ್ಳುವ ಕಾರ್ಯವನ್ನು ಯಾರಾದರೂ ಈಗಲೇ ಕೈಗೊಳ್ಳಬೇಕೆಂಬುದು ನಮ್ಮ ಅಭಿಪ್ರಾಯ.